ಬೇಸಾಯ ಬದಲಾದಾಗ ಸಮಾಜ ಹೇಗೆ ಬದಲಾಯಿತು: ಪದೇ ಪದೇ ಕೇಳುವ ಪ್ರಶ್ನೆಗಳು

ಬೇಸಾಯದ ಚರಿತ್ರೆಯ ಚರ್ಚೆ ಸಾಮಾನ್ಯವಾಗಿ ಇಳುವರಿ ಎಷ್ಟು ಹೆಚ್ಚಿತು ಎಂಬ ಲೆಕ್ಕದಿಂದ ಶುರುವಾಗಿ ಅಲ್ಲಿಯೇ ಮುಗಿದುಬಿಡುತ್ತದೆ. ಹೆಚ್ಚಿದ ಇಳುವರಿ ಯಾರ ಕಣಜ ಸೇರಿತು, ಅದಕ್ಕಾಗಿ ಬೆನ್ನು ಬಗ್ಗಿಸಿದವರು ಯಾರು ಎಂಬುದನ್ನೂ ಕೇಳದೆ ಸಮಾಜ ಬದಲಾದ ಬಗೆ ಅರ್ಥವಾಗುವುದಿಲ್ಲ. ಕೆಳಗಿನ ಉತ್ತರಗಳನ್ನು ಆ ದೃಷ್ಟಿಯಿಂದ ಬರೆಯಲಾಗಿದೆ.

‘ಕೃಷಿ ಕ್ರಾಂತಿ’ ಎಂದು ಯಾವುದನ್ನು ಕರೆಯುತ್ತಾರೆ?

ಒಂದೇ ಹೆಸರನ್ನು ಕನಿಷ್ಠ ಮೂರು ಘಟ್ಟಗಳಿಗೆ ಬಳಸುವುದರಿಂದ ಗೊಂದಲ ಹುಟ್ಟುತ್ತದೆ. ಕಾಡುಸಸ್ಯಗಳನ್ನೂ ಪ್ರಾಣಿಗಳನ್ನೂ ಮನುಷ್ಯ ಪಳಗಿಸಿಕೊಂಡ ಮೊದಲ ಘಟ್ಟ ಸುಮಾರು 11,500 ವರ್ಷಗಳ ಹಿಂದೆ ಆರಂಭವಾಯಿತು. ಅದಕ್ಕೆ ನವಶಿಲಾಯುಗದ ಕ್ರಾಂತಿ ಎಂಬ ಹೆಸರನ್ನು 1930ರ ದಶಕದಲ್ಲಿ ಬಳಕೆಗೆ ತಂದವರು ಪುರಾತತ್ವಜ್ಞ ಗಾರ್ಡನ್ ಚೈಲ್ಡ್. ಎರಡನೆಯದು 17ರಿಂದ 19ನೇ ಶತಮಾನದವರೆಗೆ ಇಂಗ್ಲೆಂಡಿನಲ್ಲಿ ನಡೆದದ್ದು, ಮೂರನೆಯದು 1960ರ ದಶಕದ ಹಸಿರು ಕ್ರಾಂತಿ. ಇವುಗಳ ನಡುವೆ ಹೆಸರೇ ಇಲ್ಲದ, ಆದರೆ ಪರಿಣಾಮದಲ್ಲಿ ಕಡಿಮೆಯೇನಲ್ಲದ ಹಲವು ಬದಲಾವಣೆಗಳಿವೆ. ‘ಕ್ರಾಂತಿ’ ಎಂಬ ಮಾತನ್ನು ತೀರ ಅಕ್ಷರಶಃ ತೆಗೆದುಕೊಳ್ಳಬೇಕಾಗಿಲ್ಲ. ಮೊದಲನೆಯದು ಪೂರ್ತಿಯಾಗಲು ಸಾವಿರಾರು ವರ್ಷ ಹಿಡಿಯಿತು, ಅದರೊಳಗೆ ಬಾಳಿ ಹೋದ ಯಾರಿಗೂ ತಮ್ಮ ಕಾಲದಲ್ಲಿ ದೊಡ್ಡದೇನೋ ನಡೆಯುತ್ತಿದೆ ಎಂದು ಅನ್ನಿಸಿರಲಾರದು.

ಬೇಸಾಯ ಮೊದಲು ಎಲ್ಲಿ ಹುಟ್ಟಿತು?

ಒಂದೇ ಕಡೆಯಲ್ಲಿ ಹುಟ್ಟಿ ಎಲ್ಲೆಡೆ ಹಬ್ಬಿತು ಎಂಬ ಹಳೆಯ ನಂಬಿಕೆ ಈಗ ಉಳಿದಿಲ್ಲ. ಪಶ್ಚಿಮ ಏಷ್ಯಾದ ಫಲವತ್ತಾದ ಅರ್ಧಚಂದ್ರ ಪ್ರದೇಶದಲ್ಲಿ ಗೋಧಿ, ಬಾರ್ಲಿ, ಬಟಾಣಿ, ಕಡಲೆ, ಅಗಸೆ ಪಳಗಿದವು. ಚೀನಾದ ಯಾಂಗ್ಟ್ಸೆ ನದಿಯ ಬಯಲಿನಲ್ಲಿ ಭತ್ತ, ಉತ್ತರದ ಹಳದಿ ನದಿಯ ಸೀಮೆಯಲ್ಲಿ ನವಣೆ ಮತ್ತು ಬರಗು ಪಳಗಿದವು. ಮೆಕ್ಸಿಕೊದಲ್ಲಿ ಸುಮಾರು 9,000 ವರ್ಷಗಳ ಹಿಂದೆ ಮೆಕ್ಕೆಜೋಳ, ಆಂಡೀಸ್ ಬೆಟ್ಟಗಳಲ್ಲಿ ಆಲೂಗಡ್ಡೆ, ಆಫ್ರಿಕಾದಲ್ಲಿ ಜೋಳ ಮತ್ತು ಸಜ್ಜೆ, ನ್ಯೂಗಿನಿಯಲ್ಲಿ ಕೆಸು ಮತ್ತು ಬಾಳೆ ಬೇಸಾಯಕ್ಕೆ ಒಳಪಟ್ಟವು. ಪರಸ್ಪರ ಸುಳಿವೇ ಇಲ್ಲದ ಜನ ಕೆಲವೇ ಸಾವಿರ ವರ್ಷಗಳ ಅಂತರದಲ್ಲಿ ಒಂದೇ ದಾರಿ ಹಿಡಿದದ್ದಕ್ಕೆ ಸುಮಾರು 11,700 ವರ್ಷಗಳ ಹಿಂದೆ ಹಿಮಯುಗ ಮುಗಿದು ಹವಾಮಾನ ಹದಕ್ಕೆ ಬಂದದ್ದು ಮುಖ್ಯ ಕಾರಣವೆಂದು ಹೆಚ್ಚಿನವರು ಒಪ್ಪುತ್ತಾರೆ.

ಕಾಡುಹುಲ್ಲು ಬೆಳೆಯಾಗಿ ಮಾರ್ಪಟ್ಟದ್ದು ಹೇಗೆ?

ಕಾಡುಗೋಧಿಯ ತೆನೆ ಮಾಗಿದ ಕೂಡಲೇ ಕಾಳುಗಳ ಬುಡದ ಗೆಣ್ಣು ಬಿರುಸಾಗಿ ಮುರಿಯುತ್ತದೆ. ಸಣ್ಣ ಗಾಳಿ ಬೀಸಿದರೂ ಕಾಳು ಉದುರಿ ನೆಲ ಸೇರುತ್ತದೆ. ಗಿಡದ ವಂಶ ಬೆಳೆಯುವುದೇ ಹಾಗೆ. ಆದರೆ ಅಪರೂಪಕ್ಕೊಂದು ಗಿಡದಲ್ಲಿ ವಂಶವಾಹಿಯ ಸಣ್ಣದೊಂದು ವ್ಯತ್ಯಾಸದಿಂದ ಆ ಗೆಣ್ಣು ಗಟ್ಟಿಯಾಗಿಯೇ ಉಳಿದು, ಕಾಳು ತೆನೆಯಲ್ಲಿಯೇ ನಿಂತುಬಿಡುತ್ತದೆ. ಕಾಡಿನಲ್ಲಿ ಅಂಥ ಗಿಡಕ್ಕೆ ಮುಂದಿನ ಪೀಳಿಗೆಯಿಲ್ಲ. ಕುಡುಗೋಲು ಹಿಡಿದು ಬಂದ ಮನುಷ್ಯನಿಗೆ ಮಾತ್ರ ಉದುರಿದ ಕಾಳಿಗಿಂತ ಉದುರದ ತೆನೆಯೇ ಹೆಚ್ಚು ಕೈಗೆ ಸಿಕ್ಕಿತು, ಮರುವರ್ಷ ಬಿತ್ತಲು ತೆಗೆದಿಟ್ಟದ್ದರಲ್ಲಿಯೂ ಅದರ ಪಾಲೇ ಹೆಚ್ಚಾಯಿತು.

ಈ ಬದಲಾವಣೆಯ ಗುರುತು ಇಂದಿಗೂ ಉಳಿದಿದೆ. ಉತ್ಖನನದಲ್ಲಿ ಸಿಗುವ ಸುಟ್ಟ ಹೊಟ್ಟನ್ನು ಸೂಕ್ಷ್ಮದರ್ಶಕದಡಿ ಇಟ್ಟರೆ, ತಾನಾಗಿ ಉದುರಿದ ಕಾಳಿನ ಬುಡದಲ್ಲಿ ನುಣುಪಾದ ಗಾಯವೂ ಒಕ್ಕಿ ಬಿಡಿಸಿದ ಕಾಳಿನ ಬುಡದಲ್ಲಿ ಹರಿದ ಗಾಯವೂ ಕಾಣುತ್ತದೆ. ಕಾಲ ಕಳೆದಂತೆ ಹರಿದ ಗಾಯಗಳ ಪ್ರಮಾಣ ಏರುತ್ತ ಹೋಗಿ, ಎರಡು ಮೂರು ಸಾವಿರ ವರ್ಷಗಳಲ್ಲಿ ಅವುಗಳದ್ದೇ ಮೇಲುಗೈಯಾಗುತ್ತದೆ. ಅಲ್ಲಿಗೆ ಗೋಧಿ ಮನುಷ್ಯನ ಕೈಯಿಲ್ಲದೆ ಹರಡಲಾರದ ಗಿಡವಾಯಿತು. ಮನುಷ್ಯನೂ ಅಷ್ಟು ಹೊತ್ತಿಗೆ ಗೋಧಿಯಿಲ್ಲದೆ ಬದುಕಲಾರದ ಸ್ಥಿತಿ ತಲುಪಿದ್ದ; ಯಾರು ಯಾರನ್ನು ಪಳಗಿಸಿದರು ಎಂಬ ಪ್ರಶ್ನೆ ತಮಾಷೆಯದ್ದಾಗಿ ಕಂಡರೂ ಪೂರ್ತಿ ತಮಾಷೆಯಲ್ಲ.

ಬೇಟೆ ಬಿಟ್ಟು ಬೇಸಾಯಕ್ಕೆ ಬಂದವರ ಬದುಕು ಸುಧಾರಿಸಿತೇ?

ಮೂಳೆಗಳು ಹೇಳುವ ಕಥೆ ಬೇರೆ. ಬೇಸಾಯಕ್ಕೆ ಬಂದ ಹಲವು ಕಡೆಗಳಲ್ಲಿ ಎತ್ತರ ತಗ್ಗಿತು, ಹಲ್ಲು ಹುಳುಕು ಹೆಚ್ಚಿತು, ಬಾಲ್ಯದ ಹಸಿವಿನ ಮತ್ತು ಕಾಯಿಲೆಯ ಗೆರೆಗಳು ಹಲ್ಲಿನ ಮೇಲ್ಪದರದಲ್ಲಿ ಉಳಿದುಕೊಂಡವು. ಹತ್ತಾರು ಬಗೆಯ ಆಹಾರದ ಜಾಗದಲ್ಲಿ ಒಂದೆರಡು ಧಾನ್ಯ ಬಂದು ಕುಳಿತದ್ದು ಇದಕ್ಕೆ ಒಂದು ಕಾರಣ. ಜನ ಮತ್ತು ಜಾನುವಾರು ಒತ್ತಾಗಿ ಬಾಳಿದ್ದರಿಂದ ರೋಗಗಳು ಬೇರೂರಿದ್ದು ಇನ್ನೊಂದು. ದಡಾರದ ವೈರಾಣು ಜಾನುವಾರುಗಳ ದೊಡ್ಡರೋಗದ ವೈರಾಣುವಿನ ಸಮೀಪದ ಬಂಧು.

ಸಿರಿಯಾದ ಯೂಫ್ರೆಟಿಸ್ ದಂಡೆಯ ಅಬು ಹುರೈರಾ ಎಂಬ ನೆಲೆಯಲ್ಲಿ ದೊರೆತ ಅಸ್ಥಿಗಳನ್ನು ಪರೀಕ್ಷಿಸಿದ ಥೇಯಾ ಮೊಲ್ಲೆಸನ್ ಅವರು ಕಾಲಿನ ಹೆಬ್ಬೆರಳ ಕೀಲು, ಮಂಡಿ ಮತ್ತು ಬೆನ್ನುಮೂಳೆಯ ಕೆಳಭಾಗದಲ್ಲಿ, ಅದರಲ್ಲೂ ಹೆಚ್ಚಾಗಿ ಹೆಂಗಸರಲ್ಲಿ, ಒಂದೇ ಬಗೆಯ ಸವೆತವನ್ನು ಗುರುತಿಸಿದರು. ನೆಲದ ಮೇಲೆ ಮಂಡಿಯೂರಿ, ಕಾಲ್ಬೆರಳುಗಳನ್ನು ಮುಂದಕ್ಕೆ ಮಡಚಿ, ಚಪ್ಪಟೆ ಕಲ್ಲಿನ ಮೇಲೆ ಕೈಗಲ್ಲನ್ನು ಮೈಭಾರದಿಂದ ಮುಂದೆ ಒತ್ತಿ ಹಿಂದೆ ಎಳೆಯುವ ಕೆಲಸವನ್ನು ದಿನವೂ ಗಂಟೆಗಟ್ಟಲೆ ಮಾಡಿದವರ ಮೂಳೆಗಳವು. ಸುತ್ತ ತಿರುಗುವ ಬೀಸುವ ಕಲ್ಲು ಬರಲು ಇನ್ನೂ ಸಾವಿರಾರು ವರ್ಷ ಬಾಕಿಯಿತ್ತು. ಬೇಸಾಯವೆಂದರೆ ಹೊಲದ ಕೆಲಸ ಎಂದಷ್ಟೇ ತಿಳಿಯುವವರು ಈ ಕಲ್ಲನ್ನು ಮರೆಯುತ್ತಾರೆ.

ಹಾಗಿದ್ದರೆ ಜನ ಹಳೆಯ ಬದುಕಿಗೆ ಹಿಂದಿರುಗಲಿಲ್ಲವೇಕೆ?

ಕೆಲವರು ಹಿಂದಿರುಗಿದರು, ಹಲವರು ಎರಡನ್ನೂ ಬೆರೆಸಿ ಬಹುಕಾಲ ಬಾಳಿದರು. ಆದರೆ ನೆಲೆನಿಂತಲ್ಲಿ ಸಂತತಿ ಬೇಗ ಬೆಳೆಯಿತು. ಅಲೆದಾಡುವ ತಾಯಿ ಒಂದು ಮಗುವನ್ನಷ್ಟೇ ಹೊತ್ತು ನಡೆಯಬಲ್ಲಳು. ಒಂದೆಡೆ ನಿಂತು, ಧಾನ್ಯದ ಗಂಜಿ ಉಣಿಸಿ ಎದೆಹಾಲು ಬೇಗ ಬಿಡಿಸುವಂತಾದಾಗ ಹೆರಿಗೆಗಳ ನಡುವಿನ ಅಂತರ ಕುಗ್ಗಿತು. ಹತ್ತು ಸಾವಿರ ವರ್ಷಗಳ ಹಿಂದೆ ಭೂಮಿಯ ಮೇಲಿದ್ದವರು ಕೆಲವೇ ದಶಲಕ್ಷ ಮಂದಿ ಎಂಬುದು ಅಂದಾಜು. ಕ್ರಿಸ್ತಶಕದ ಆರಂಭದ ಹೊತ್ತಿಗೆ ಅದು 20ರಿಂದ 30 ಕೋಟಿಯಷ್ಟಾಗಿತ್ತು. ಅಷ್ಟು ಬಾಯಿಗಳಿಗೆ ಕಾಡು ಉಣಿಸಲಾರದು.

ರಾಜ್ಯ, ತೆರಿಗೆ, ಬರವಣಿಗೆಗಳು ಬೇಸಾಯದಿಂದಲೇ ಹುಟ್ಟಿದವೇ?

ಬೇಸಾಯ ಶುರುವಾದ ತಕ್ಷಣ ಅರಸರು ಬರಲಿಲ್ಲ. ನಡುವೆ ಐದಾರು ಸಾವಿರ ವರ್ಷಗಳಿವೆ. ಇಂದಿನ ಟರ್ಕಿಯ ಚಟಲ್‌ಹ್ಯೂಯುಕ್‌ನಲ್ಲಿ ಒಂಬತ್ತು ಸಾವಿರ ವರ್ಷಗಳ ಹಿಂದೆ ಸಾವಿರಾರು ಜನ ಗೋಡೆಗೆ ಗೋಡೆ ಹೊಂದಿಸಿದ, ಮಾಳಿಗೆಯಿಂದ ಏಣಿಯಲ್ಲಿ ಇಳಿಯುವ ಮನೆಗಳಲ್ಲಿದ್ದರು; ಅಲ್ಲಿ ಅರಮನೆ ಎನ್ನಬಹುದಾದ ಕಟ್ಟಡವೇ ಸಿಕ್ಕಿಲ್ಲ. ಇನ್ನೊಂದೆಡೆ, ಅದೇ ನಾಡಿನ ಗೋಬೆಕ್ಲಿ ತೆಪೆಯ ಬೃಹತ್ ಕಲ್ಲುಕಂಬಗಳನ್ನು ನಿಲ್ಲಿಸಿದವರು ಇನ್ನೂ ಕಾಡುಧಾನ್ಯ ಮತ್ತು ಬೇಟೆಯನ್ನು ನೆಚ್ಚಿದ್ದ ಜನ. ಮೊದಲು ಬೇಸಾಯ, ಆಮೇಲೆ ಊರು, ಕೊನೆಗೆ ಗುಡಿ ಎಂಬ ಶಾಲಾಪುಸ್ತಕದ ಕ್ರಮ ಇಂಥ ಕಡೆಗಳಲ್ಲಿ ಕೈಕೊಡುತ್ತದೆ.

ಆದರೂ ಮೊದಲ ರಾಜ್ಯಗಳು ನಿಂತದ್ದು ಧಾನ್ಯದ ಮೇಲೆ, ಗೆಡ್ಡೆಯ ಮೇಲಲ್ಲ ಎಂಬುದು ಗಮನಿಸಬೇಕಾದ ಸಂಗತಿ. ಮರಗೆಣಸನ್ನು ನೆಲದೊಳಗೇ ಒಂದೆರಡು ವರ್ಷ ಬಿಡಬಹುದು, ಬೇಕಾದಾಗ ಅಗೆಯಬಹುದು. ಕಂದಾಯದವನು ಬಂದರೆ ಏನಿದೆ, ಎಷ್ಟಿದೆ ಎಂದು ಅವನಿಗೆ ಕಾಣುವುದೇ ಇಲ್ಲ. ಗೋಧಿ, ಬಾರ್ಲಿ, ಭತ್ತಗಳಾದರೋ ಎಲ್ಲರ ಕಣ್ಣೆದುರು ಒಟ್ಟಿಗೆ ಮಾಗುತ್ತವೆ, ಕಣದಲ್ಲಿ ರಾಶಿಯಾಗುತ್ತವೆ, ಅಳೆಯಲು, ಸಾಗಿಸಲು, ಕೂಡಿಡಲು ಬರುತ್ತವೆ. ದೋಚಲೂ ಅಷ್ಟೇ ಅನುಕೂಲ.

ಸುಮೇರಿನ ಉರುಕ್ ನಗರದಲ್ಲಿ ಕ್ರಿ.ಪೂ. 3300ರ ಆಸುಪಾಸಿನಿಂದ ಸಿಗುವ, ಜಗತ್ತಿನ ಅತ್ಯಂತ ಹಳೆಯ ಬರಹಗಳಲ್ಲಿ ಸೇರುವ ಜೇಡಿಮಣ್ಣಿನ ಹಲಗೆಗಳಲ್ಲಿ ಕಾವ್ಯವಿಲ್ಲ, ಪ್ರಾರ್ಥನೆಯಿಲ್ಲ. ಬಹುಪಾಲು ಬಾರ್ಲಿ, ಬಿಯರ್, ಕುರಿ ಮತ್ತು ಕೂಲಿಯವರ ಪಡಿತರದ ಲೆಕ್ಕ. ಅದೇ ನೆಲೆಯಲ್ಲಿ ಅಚ್ಚಿನಿಂದ ಒತ್ತಿ ಮಾಡಿದ, ಅಂಚು ಓರೆಯಾದ ಒರಟು ಬಟ್ಟಲುಗಳು ರಾಶಿ ರಾಶಿಯಾಗಿ ಸಿಕ್ಕಿವೆ. ಅವು ಪಡಿತರದ ಅಳತೆಯವಾಗಿರಬೇಕು ಎಂಬುದು ಅನೇಕರ ಅಭಿಪ್ರಾಯ. ಒಂದು ತಲೆಯ ಚಿತ್ರ, ಅದರ ಬಾಯಿಯ ಬಳಿ ಅಂಥದೇ ಒಂದು ಬಟ್ಟಲು: ಇದು ಆ ಲಿಪಿಯಲ್ಲಿ ‘ಉಣ್ಣು’ ಎಂಬುದರ ಚಿಹ್ನೆ. ಉಣ್ಣುವುದನ್ನು ಬರೆಯಲು ಹೊರಟವನಿಗೆ ಮೊದಲು ಹೊಳೆದದ್ದು ಅಳೆದು ಕೊಡುವ ಬಟ್ಟಲು. ಈಜಿಪ್ಟಿನಲ್ಲಿ ನೈಲ್ ನದಿ ಎಷ್ಟು ಏರಿತು ಎಂದು ಅಳೆಯುವ ಮೆಟ್ಟಿಲುಗಳಿದ್ದವು. ಆ ಏರಿಕೆಯಿಂದ ಫಸಲನ್ನೂ, ಫಸಲಿನಿಂದ ಕಂದಾಯವನ್ನೂ ಅಂದಾಜು ಮಾಡುತ್ತಿದ್ದರು.

ದೊಡ್ಡ ನೀರಾವರಿ ಇದ್ದಲ್ಲೆಲ್ಲ ನಿರಂಕುಶ ಅರಸೊತ್ತಿಗೆ ಬರುತ್ತದೆ ಎಂಬುದು ನಿಜವೇ?

1950ರ ದಶಕದಲ್ಲಿ ಕಾರ್ಲ್ ವಿಟ್‌ಫೋಗೆಲ್ ಎಂಬ ಚರಿತ್ರಕಾರರು ಹಾಗೆ ವಾದಿಸಿದ್ದರು. ಈಗ ಅದನ್ನು ಇಡಿಯಾಗಿ ಒಪ್ಪುವವರು ಕಡಿಮೆ. ಬಾಲಿ ದ್ವೀಪದ ಸುಬಕ್ ವ್ಯವಸ್ಥೆಯಲ್ಲಿ ರೈತರ ಸಂಘಗಳೇ ಗುಡಿಗಳ ಮೂಲಕ ನೀರಿನ ಸರದಿ ನಿರ್ಧರಿಸುತ್ತ ಬಂದಿವೆ. ಸ್ಪೇನಿನ ವಲೆನ್ಸಿಯಾದಲ್ಲಿ ಇಂದಿಗೂ ಗುರುವಾರದ ದಿನ ಪ್ರಧಾನ ಇಗರ್ಜಿಯ ಬಾಗಿಲಲ್ಲಿ ರೈತರೇ ಆರಿಸಿದ ನ್ಯಾಯಮಂಡಳಿ ಕುಳಿತು ಕಾಲುವೆ ತಕರಾರುಗಳನ್ನು ಬಾಯಿಮಾತಿನಲ್ಲಿಯೇ ಇತ್ಯರ್ಥ ಮಾಡುತ್ತದೆ. ನೀರಾವರಿಯ ನಿಜವಾದ ಪೀಡೆ ಸವಳು. ಬಸಿಗಾಲುವೆಯಿಲ್ಲದೆ ನೀರು ಹಾಯಿಸಿದ ದಕ್ಷಿಣ ಮೆಸೊಪೊಟೇಮಿಯಾದಲ್ಲಿ ಉಪ್ಪು ಮೇಲೆದ್ದು, ಅದನ್ನು ತಾಳಲಾರದ ಗೋಧಿ ಹಿಂದೆ ಸರಿದು ಬಾರ್ಲಿ ಉಳಿಯಿತು.

ನೇಗಿಲಿನಿಂದ ಹೆಣ್ಣಿನ ಸ್ಥಾನ ಕುಸಿಯಿತು ಎನ್ನುತ್ತಾರೆ. ಇದರಲ್ಲಿ ಹುರುಳಿದೆಯೇ?

ಗುದ್ದಲಿ ಮತ್ತು ಅಗೆಯುವ ಕೋಲಿನ ಬೇಸಾಯದಲ್ಲಿ ಹೆಂಗಸರ ಪಾಲು ದೊಡ್ಡದು. ಎತ್ತು ಹೂಡಿ ನೇಗಿಲನ್ನು ಅದುಮಿ ಹಿಡಿಯುವ ಬೇಸಾಯ ಬಂದಲ್ಲಿ ಹೊಲ ಗಂಡಸಿನದ್ದಾಗಿ, ಹೆಂಗಸಿನ ದುಡಿಮೆ ಮನೆಯೊಳಗೂ ಲೆಕ್ಕಕ್ಕೆ ಬಾರದ ಕೆಲಸಗಳಿಗೂ ಸರಿಯಿತು ಎಂದು 1970ರಲ್ಲಿ ಡೆನ್ಮಾರ್ಕಿನ ಅರ್ಥಶಾಸ್ತ್ರಜ್ಞೆ ಎಸ್ಟರ್ ಬೋಸರಪ್ ವಾದಿಸಿದರು. 2013ರಲ್ಲಿ ಅಲೆಸೀನಾ, ಜೂಲಿಯಾನೊ ಮತ್ತು ನನ್ ಎಂಬ ಮೂವರು ಅರ್ಥಶಾಸ್ತ್ರಜ್ಞರು ಪ್ರಕಟಿಸಿದ ಅಧ್ಯಯನದ ಪ್ರಕಾರ, ಪೂರ್ವಿಕರು ನೇಗಿಲು ಹಿಡಿದ ಸಮುದಾಯಗಳಲ್ಲಿ ಇಂದಿಗೂ ಮನೆಯ ಹೊರಗೆ ದುಡಿಯುವ ಹೆಂಗಸರ ಪ್ರಮಾಣ ಕಡಿಮೆ. ಇದನ್ನು ಒಂದು ಪ್ರವೃತ್ತಿಯೆಂದು ತಿಳಿಯುವುದು ಸರಿ. ನಾಟಿ ಮಾಡುವವರು, ಕಳೆ ಕೀಳುವವರು ಯಾರೆಂದು ನೋಡಿದರೆ ನೇಗಿಲಿನ ನಾಡುಗಳಲ್ಲಿಯೂ ಹೊಲ ಎಂದೂ ಪೂರ್ತಿಯಾಗಿ ಗಂಡಸಿನದ್ದಾಗಿರಲಿಲ್ಲ.

ಮಧ್ಯಯುಗದಲ್ಲಿ ಬೇಸಾಯ ನಿಂತ ನೀರಾಗಿತ್ತೇ?

ಖಂಡಿತ ಇಲ್ಲ. ಉತ್ತರ ಯುರೋಪಿನಲ್ಲಿ ಹೆಂಟೆ ಮಗುಚುವ ಭಾರಿ ನೇಗಿಲು ಜಿಗುಟು ಮಣ್ಣಿನ ಬಯಲುಗಳನ್ನು ಸಾಗುವಳಿಗೆ ತೆರೆಯಿತು, ಹೊಲದ ಅರ್ಧ ಭಾಗದ ಬದಲು ಮೂರನೇ ಒಂದು ಭಾಗವನ್ನಷ್ಟೇ ಬೀಳು ಬಿಡುವ ಸರದಿ ಹಬ್ಬಿತು. ಆ ನೇಗಿಲಿಗೆ ಬೇಕಾದಷ್ಟು ಎತ್ತುಗಳು ಒಂದೇ ಮನೆಯಲ್ಲಿ ಇರುತ್ತಿದ್ದುದು ಅಪರೂಪ. ಹಾಗಾಗಿ ಉಳುಮೆ ಊರೊಟ್ಟಿನ ಕೆಲಸವಾಯಿತು. 1000ದಿಂದ 1300ರ ನಡುವೆ ಜನಸಂಖ್ಯೆ ಬಹಳ ಬೆಳೆದು, 1315ರಿಂದ 1317ರ ಎಡೆಬಿಡದ ಮಳೆಗೆ ಬೆಳೆ ಹೋದಾಗ ಭೀಕರ ಕ್ಷಾಮ ಬಡಿಯಿತು.

ಚೀನಾದ ಉದಾಹರಣೆ ಇನ್ನೂ ಚೊಕ್ಕ. ಬೇಗ ಕೊಯ್ಲಿಗೆ ಬರುವ, ಬರವನ್ನೂ ಕೊಂಚ ತಾಳುವ ಚಂಪಾ ಭತ್ತ ಇಂದಿನ ವಿಯೆಟ್ನಾಮಿನ ಕಡೆಯಿಂದ ಬಂದದ್ದು. 1012ರಲ್ಲಿ ಬರ ಬಿದ್ದಾಗ ಸೊಂಗ್ ವಂಶದ ಚಕ್ರವರ್ತಿ ಝೆನ್‌ಜೊಂಗ್ ಅದರ ಬೀಜವನ್ನು ಫುಜಿಯನ್‌ನಿಂದ ತರಿಸಿ, ಬೆಳೆಯುವ ವಿಧಾನದ ಸೂಚನೆಯೊಂದಿಗೆ ಯಾಂಗ್ಟ್ಸೆ ಸೀಮೆಯ ರೈತರಿಗೆ ಹಂಚಿಸಿದ. ವರ್ಷಕ್ಕೆ ಎರಡು ಬೆಳೆ ತೆಗೆಯುವುದು ಹೆಚ್ಚು ಕಡೆ ಸಾಧ್ಯವಾಯಿತು. 1100ರ ಹೊತ್ತಿಗೆ ಆ ಸಾಮ್ರಾಜ್ಯದ ಜನಸಂಖ್ಯೆ ಹತ್ತು ಕೋಟಿ ಮುಟ್ಟಿತ್ತೆಂಬ ಅಂದಾಜಿದೆ.

1492ರ ನಂತರ ಬೆಳೆಗಳು ಸಾಗರ ದಾಟಿದ್ದರಿಂದ ಏನಾಯಿತು?

ಮೆಕ್ಕೆಜೋಳ, ಆಲೂಗಡ್ಡೆ, ಗೆಣಸು, ಮರಗೆಣಸು, ಮೆಣಸಿನಕಾಯಿ, ಟೊಮೆಟೊ ಅಮೆರಿಕದಿಂದ ಹೊರಟವು. ಗೋಧಿ, ಕಬ್ಬು, ದನ, ಕುದುರೆ ಅಲ್ಲಿಗೆ ಹೋದವು. ಜೊತೆಗೆ ಹೋದ ಸಿಡುಬು ಮತ್ತು ದಡಾರಕ್ಕೆ ಅಲ್ಲಿನ ಮೂಲನಿವಾಸಿಗಳು ಕೋಟಿಗಟ್ಟಲೆ ಬಲಿಯಾದರು.

ಸಮಾಜದ ದೃಷ್ಟಿಯಿಂದ ಎರಡು ಬೆಳೆಗಳನ್ನು ಅಕ್ಕಪಕ್ಕ ಇಟ್ಟು ನೋಡಬೇಕು. ಕಬ್ಬು ಕಡಿದ ಒಂದೆರಡು ದಿನಗಳೊಳಗೆ ಅರೆಯದಿದ್ದರೆ ರಸ ಕೆಡುತ್ತದೆ. ಆದ್ದರಿಂದ ಹೊಲದ ಪಕ್ಕದಲ್ಲಿಯೇ ಗಾಣ, ಗಾಣದ ಪಕ್ಕ ಕೊಪ್ಪರಿಗೆ, ಹಗಲು ರಾತ್ರಿ ಪಾಳಿಯ ದುಡಿಮೆ. ಕಾರ್ಖಾನೆಯ ಶಿಸ್ತು ಕಾರ್ಖಾನೆಗಿಂತ ಮೊದಲೇ ಬಂದದ್ದು ಇಲ್ಲಿ. ಆ ದುಡಿಮೆಗೆಂದೇ, ಆಮೇಲೆ ಹತ್ತಿ ಮತ್ತು ತಂಬಾಕಿಗೂ, ಆಫ್ರಿಕಾದಿಂದ ಸುಮಾರು 1.25 ಕೋಟಿ ಜನರನ್ನು ಗುಲಾಮರಾಗಿ ಹಡಗೇರಿಸಿದರು. ಜೀವಸಹಿತ ದಡ ಮುಟ್ಟಿದವರು ಸುಮಾರು 1.07 ಕೋಟಿ. ಸಕ್ಕರೆಯ ಅತಿ ದೊಡ್ಡ ವಸಾಹತಾಗಿದ್ದ ಸೇಂಟ್ ಡೊಮಿಂಗ್‌ನಲ್ಲಿ 1791ರಲ್ಲಿ ಗುಲಾಮರು ಬಂಡೆದ್ದು, 1804ರಲ್ಲಿ ಅದು ಹೈಟಿ ಎಂಬ ಸ್ವತಂತ್ರ ದೇಶವಾಯಿತು.

ಆಲೂಗಡ್ಡೆ ಬಡವರ ಬೆಳೆ. ಐರ್ಲೆಂಡಿನಲ್ಲಿ ಒಳ್ಳೆಯ ನೆಲದ ಧಾನ್ಯ ಗೇಣಿಗೆ ಹೋದರೆ, ತುಂಡು ನೆಲದ ಆಲೂಗಡ್ಡೆ ಸಂಸಾರವನ್ನು ಸಾಕುತ್ತಿತ್ತು. 1841ರ ಜನಗಣತಿಯಲ್ಲಿ ಅಲ್ಲಿನ ಜನಸಂಖ್ಯೆ 81 ಲಕ್ಷ ದಾಟಿತ್ತು. ಹೆಚ್ಚಿನವರು ನೆಟ್ಟದ್ದು ಲಂಪರ್ ಎಂಬ ಒಂದೇ ತಳಿ, ಅದೂ ಗೆಡ್ಡೆಯಿಂದಲೇ ಬೆಳೆಸುವುದರಿಂದ ಎಲ್ಲ ಗಿಡಗಳೂ ಒಂದರ ಪಡಿಯಚ್ಚು. 1845ರಲ್ಲಿ ಅಂಗಮಾರಿ ತಗುಲಿದಾಗ ಹೊಲಕ್ಕೆ ಹೊಲವೇ ಕೊಳೆಯಿತು. ಸುಮಾರು ಹತ್ತು ಲಕ್ಷ ಜನ ಸತ್ತರು, ಅಷ್ಟೇ ಮಂದಿ ದೇಶ ಬಿಟ್ಟರು. ಆ ವರ್ಷಗಳಲ್ಲಿಯೂ ಓಟ್ಸ್, ಬೆಣ್ಣೆ, ಜಾನುವಾರು ಬ್ರಿಟನ್ನಿಗೆ ಹಡಗೇರುವುದು ನಿಲ್ಲಲಿಲ್ಲ. ಕೊಳೆತದ್ದು ಬಡವರ ಬೆಳೆ ಮಾತ್ರ.

ಇಂಗ್ಲೆಂಡಿನ ಕೃಷಿ ಬದಲಾವಣೆಯೇ ಕೈಗಾರಿಕಾ ಕ್ರಾಂತಿಗೆ ಕಾರಣವಾಯಿತೇ?

ಅದೊಂದೇ ಕಾರಣವಲ್ಲ; ಆದರೆ ಅದಿಲ್ಲದಿದ್ದರೆ ಪಟ್ಟಣಗಳಿಗೆ ಅನ್ನವೂ ಇರುತ್ತಿರಲಿಲ್ಲ, ಆಳೂ ಇರುತ್ತಿರಲಿಲ್ಲ. ಗೋಧಿ, ಟರ್ನಿಪ್ ಗೆಡ್ಡೆ, ಬಾರ್ಲಿ, ಕ್ಲೋವರ್ ಮೇವು ಎಂಬ ನಾಲ್ಕು ಬೆಳೆಗಳ ಸರದಿಯಿಂದ ಬೀಳು ಬಿಡುವುದು ತಪ್ಪಿತು: ಕ್ಲೋವರ್ ಮಣ್ಣಿಗೆ ಸಾರಜನಕ ಕೂಡಿಸಿತು, ಟರ್ನಿಪ್ ಚಳಿಗಾಲದಲ್ಲಿ ದನಗಳನ್ನು ಸಾಕಿತು, ದನ ಗೊಬ್ಬರ ಕೊಟ್ಟಿತು. ಜೆತ್ರೋ ಟಲ್ 1701ರ ಸುಮಾರಿಗೆ ಮಾಡಿದ ಕೂರಿಗೆಯನ್ನು ಆರಂಭದ ದೊಡ್ಡ ಶೋಧವೆಂದು ಹೊಗಳುವುದುಂಟು. ಚೀನಾದ ರೈತರು ಹಲವು ತಾಳಿನ ಕೂರಿಗೆಯನ್ನು ಹಾನ್ ವಂಶದ ಕಾಲದಲ್ಲಿಯೇ, ಎಂದರೆ ಅದಕ್ಕೂ ಸಾವಿರದ ಐನೂರು ವರ್ಷಕ್ಕೂ ಮೊದಲೇ, ಎಳೆಯುತ್ತಿದ್ದರು.

ಊರೊಟ್ಟಿನ ಹುಲ್ಲುಗಾವಲಿಗೂ ತೆರೆದ ಹೊಲಗಳಿಗೂ ಬೇಲಿ ಹಾಕಿ ಖಾಸಗಿಯಾಗಿಸಲು ಪಾರ್ಲಿಮೆಂಟು ಸಾವಿರಾರು ಪ್ರತ್ಯೇಕ ಕಾಯಿದೆಗಳನ್ನು ಹೊರಡಿಸಿತು. ಒಂದು ಹಸು ಮೇಯಿಸುವ, ಕಟ್ಟಿಗೆ ಆಯುವ, ಕೊಯ್ದ ಹೊಲದಲ್ಲಿ ಹಕ್ಕಲಾಯುವ ರೂಢಿಯ ಹಕ್ಕುಗಳಿಗೆ ಕಾಗದಪತ್ರಗಳಿರಲಿಲ್ಲ. ಬೇಲಿ ಎದ್ದಾಗ ಅವು ಹೋದವು. ಉಳಿದದ್ದು ಕೂಲಿ. ಚಳಿಗಾಲದಲ್ಲಿ ಬಡಿಕೋಲಿನಿಂದ ತೆನೆ ಬಡಿದು ಕಾಳು ಬಿಡಿಸುವುದು ಆ ಕೂಲಿಗಾರರ ತಿಂಗಳುಗಟ್ಟಲೆಯ ಜೀವನವಾಗಿತ್ತು. ಒಕ್ಕುವ ಯಂತ್ರ ಅದನ್ನೂ ಕಸಿದುಕೊಂಡಿತು. 1830ರಲ್ಲಿ ಕೆಂಟ್ ಪ್ರಾಂತ್ಯದಿಂದ ಹಬ್ಬಿದ ದಂಗೆಯಲ್ಲಿ ಜನ ಆ ಯಂತ್ರಗಳನ್ನೇ ಹುಡುಕಿ ಒಡೆದರು. 19 ಮಂದಿಗೆ ಗಲ್ಲಾಯಿತು, ಸುಮಾರು 500 ಮಂದಿಯನ್ನು ಕಡಲಾಚೆಗೆ ಗಡೀಪಾರು ಮಾಡಲಾಯಿತು. 1851ರ ಹೊತ್ತಿಗೆ ಬ್ರಿಟನ್ನಿನ ದುಡಿಯುವವರಲ್ಲಿ ಬೇಸಾಯದಲ್ಲಿದ್ದವರು ನಾಲ್ಕನೇ ಒಂದು ಭಾಗಕ್ಕಿಂತ ಕಡಿಮೆ.

ರಸಗೊಬ್ಬರಕ್ಕೆ ಚರಿತ್ರೆಯಲ್ಲಿ ಇಷ್ಟು ಮಹತ್ವವೇಕೆ?

ಇಂದಿನ ಜನಸಂಖ್ಯೆಯ ಅರ್ಧದಷ್ಟು ಜನರ ಊಟ ಅದರ ಮೇಲೆ ನಿಂತಿದೆ ಎಂಬ ಅಂದಾಜಿದೆ. 19ನೇ ಶತಮಾನದಲ್ಲಿ ಯುರೋಪು ಪೆರುವಿನ ದ್ವೀಪಗಳಿಂದ ಕಡಲಹಕ್ಕಿಗಳ ಹಿಕ್ಕೆಯನ್ನೂ, ಅಟಕಾಮ ಮರುಭೂಮಿಯಿಂದ ನೈಟ್ರೇಟನ್ನೂ ಹಡಗುಗಟ್ಟಲೆ ತರಿಸಿಕೊಳ್ಳುತ್ತಿತ್ತು. ಆ ಮರುಭೂಮಿಗಾಗಿ ಚಿಲಿ, ಪೆರು ಮತ್ತು ಬೊಲಿವಿಯ 1879ರಲ್ಲಿ ಯುದ್ಧಕ್ಕಿಳಿದವು. 1909ರಲ್ಲಿ ಫ್ರಿಟ್ಸ್ ಹಾಬರ್ ಗಾಳಿಯ ಸಾರಜನಕದಿಂದ ಅಮೋನಿಯ ಮಾಡಿ ತೋರಿಸಿದರು; ಕಾರ್ಲ್ ಬಾಷ್ ಅದನ್ನು ಕಾರ್ಖಾನೆಯ ಮಟ್ಟಕ್ಕೆ ಏರಿಸಿ, 1913ರಲ್ಲಿ ಜರ್ಮನಿಯ ಒಪ್ಪಾವಿನಲ್ಲಿ ಉತ್ಪಾದನೆ ಶುರುವಾಯಿತು. ಮರುವರ್ಷವೇ ಮೊದಲ ಮಹಾಯುದ್ಧ ಬಂದು, ಗೊಬ್ಬರಕ್ಕೆಂದು ಕಂಡುಕೊಂಡ ಅಮೋನಿಯ ಸಿಡಿಮದ್ದಿನ ತಯಾರಿಕೆಗೆ ಹೋಯಿತು.

ಸರ್ಕಾರವೇ ಬೇಸಾಯವನ್ನು ಒಮ್ಮೆಗೇ ಬದಲಿಸಲು ಹೊರಟಾಗ ಏನಾಯಿತು?

20ನೇ ಶತಮಾನದ ಅತಿ ಘೋರ ಕ್ಷಾಮಗಳಲ್ಲಿ ಎರಡು ಅಲ್ಲಿಂದಲೇ ಬಂದವು. ಸೋವಿಯತ್ ಒಕ್ಕೂಟ 1929ರಿಂದ ಬಲವಂತದ ಸಾಮೂಹಿಕ ಬೇಸಾಯ ಹೇರಿದಾಗ ರೈತರು ಒಪ್ಪಿಸುವುದಕ್ಕಿಂತ ಕೊಲ್ಲುವುದೇ ಲೇಸೆಂದು ಜಾನುವಾರುಗಳನ್ನು ಕಡಿದರು. ಸರ್ಕಾರ ಮಾತ್ರ ನಿಗದಿಯಾದ ಧಾನ್ಯವನ್ನು ಬಿಡದೆ ವಸೂಲು ಮಾಡಿತು. 1932–33ರಲ್ಲಿ ಉಕ್ರೇನಿನಲ್ಲಿಯೇ 35 ಲಕ್ಷದಷ್ಟು ಜನ ಹಸಿವಿನಿಂದ ಸತ್ತರೆಂದು ಅಂದಾಜಿಸಲಾಗಿದೆ. ಚೀನಾದಲ್ಲಿ ಬೇಸಾಯವನ್ನೂ ಕೈಗಾರಿಕೆಯನ್ನೂ ಒಮ್ಮೆಗೇ ಮೇಲೆತ್ತಲು ಸರ್ಕಾರ ಹೂಡಿದ 1958ರ ‘ಮಹಾ ಮುನ್ನೆಗೆತ’ದ ನಂತರ ಸತ್ತವರ ಲೆಕ್ಕ ಕೋಟಿಗಳಲ್ಲಿದೆ. ಮೇಲಿನವರನ್ನು ಮೆಚ್ಚಿಸಲು ಅಧಿಕಾರಿಗಳು ಬರೆದ ಸುಳ್ಳು ಇಳುವರಿಯ ಮೇಲೆಯೇ ವಸೂಲಿಯ ಪ್ರಮಾಣ ನಿಗದಿಯಾದದ್ದು ಅಲ್ಲಿನ ದುರಂತದ ತಿರುಳು.

1978ರ ಚಳಿಗಾಲದಲ್ಲಿ ಅನ್ಹುಯಿ ಪ್ರಾಂತ್ಯದ ಶಿಯಾವೊಗಾಂಗ್ ಎಂಬ ಹಳ್ಳಿಯ 18 ರೈತರು ಗುಟ್ಟಾಗಿ ಸೇರಿ, ಊರ ಭೂಮಿಯನ್ನು ಮನೆಮನೆಗೆ ಹಂಚಿಕೊಂಡು ಸರ್ಕಾರದ ಪಾಲು ಕೊಟ್ಟು ಉಳಿದದ್ದನ್ನು ತಾವೇ ಇಟ್ಟುಕೊಳ್ಳುವ ಒಪ್ಪಂದಕ್ಕೆ ಹೆಬ್ಬೆಟ್ಟು ಒತ್ತಿದರು. ಯಾರಾದರೂ ಜೈಲಿಗೆ ಹೋದರೆ ಅವರ ಮಕ್ಕಳನ್ನು ಹದಿನೆಂಟು ವರ್ಷದವರೆಗೆ ಉಳಿದವರು ಸಾಕಬೇಕೆಂಬ ಮಾತೂ ಅದರಲ್ಲಿತ್ತು. ಮರುವರ್ಷದ ಫಸಲು ಹಲವು ಪಟ್ಟು ಏರಿತು. ಕೆಲವೇ ವರ್ಷಗಳಲ್ಲಿ ಆ ಪದ್ಧತಿಯೇ ದೇಶದ ನೀತಿಯಾಯಿತು.

ಹಸಿರು ಕ್ರಾಂತಿಯನ್ನು ಒಳ್ಳೆಯದೆನ್ನಬೇಕೇ, ಕೆಟ್ಟದ್ದೆನ್ನಬೇಕೇ?

ಎತ್ತರದ ಗೋಧಿಗೆ ಹೆಚ್ಚು ಗೊಬ್ಬರ ಹಾಕಿದರೆ ತೆನೆಯ ಭಾರಕ್ಕೆ ದಂಟು ಬಾಗಿ ಬೆಳೆ ನೆಲಕ್ಕೊರಗುತ್ತಿತ್ತು. ಜಪಾನಿನ ನೊರಿನ್ 10 ಎಂಬ ಗಿಡ್ಡ ತಳಿಯ ಗುಣವನ್ನು ಮೆಕ್ಸಿಕೊದ ತಳಿಗಳಿಗೆ ತಂದು ನಾರ್ಮನ್ ಬೋರ್ಲಾಗ್ ಈ ತೊಡಕನ್ನು ಬಿಡಿಸಿದರು. ಭಾರತ 1966ರಲ್ಲಿ 18,000 ಟನ್ ಬೀಜವನ್ನು ಮೆಕ್ಸಿಕೊದಿಂದ ತರಿಸಿತು, ಎಂ. ಎಸ್. ಸ್ವಾಮಿನಾಥನ್ ಮತ್ತು ಅಂದಿನ ಕೃಷಿ ಸಚಿವ ಸಿ. ಸುಬ್ರಮಣ್ಯಂ ಅದರ ಹಿಂದಿದ್ದರು. 1964–65ರಲ್ಲಿ ಸುಮಾರು 1.2 ಕೋಟಿ ಟನ್ ಇದ್ದ ದೇಶದ ಗೋಧಿ 1969–70ಕ್ಕೆ 2 ಕೋಟಿ ಟನ್ ಮುಟ್ಟಿತು. ಫಿಲಿಪ್ಪೀನ್ಸಿನ ಅಂತರರಾಷ್ಟ್ರೀಯ ಭತ್ತ ಸಂಶೋಧನಾ ಸಂಸ್ಥೆ ಬಿಡುಗಡೆ ಮಾಡಿದ ಐಆರ್ 8 ಭತ್ತ ಏಷ್ಯಾದಲ್ಲಿ ಅಂಥದೇ ಪಾತ್ರ ವಹಿಸಿತು.

ಆ ಬೀಜಕ್ಕೆ ನೀರು, ಗೊಬ್ಬರ, ಬಂಡವಾಳ ಮೂರೂ ಬೇಕಾಗಿದ್ದವು. ಮೂರೂ ಇದ್ದವರು ಮೊದಲು ಗೆದ್ದರು, ಖುಷ್ಕಿ ಬೇಸಾಯದ ಸೀಮೆಗಳು ಹಿಂದುಳಿದವು. ಪಂಜಾಬಿನಲ್ಲಿ ಅಂತರ್ಜಲ ಪಾತಾಳಕ್ಕಿಳಿಯುತ್ತಿದೆ, ಸಿರಿಧಾನ್ಯ ಮತ್ತು ಬೇಳೆಕಾಳುಗಳ ನೆಲ ಗೋಧಿ ಮತ್ತು ಭತ್ತಕ್ಕೆ ಹೋಯಿತು. ಈ ಟೀಕೆಗಳೆಲ್ಲ ಸರಿ. ಆದರೆ ಅಂದು ಬೇರೆ ದಾರಿಯಿತ್ತು ಎನ್ನುವವರು ಆಮದು ಗೋಧಿಯ ಹಡಗಿಗಾಗಿ ದೇಶವೊಂದು ಕಾದು ಕುಳಿತಿದ್ದ 1966ರ ಇಸವಿಯನ್ನು ಎದುರಿಟ್ಟುಕೊಂಡು ಆ ದಾರಿಯನ್ನು ತೋರಿಸಬೇಕು.

ಯಂತ್ರ ಬಂದ ಮೇಲೆ ಹಳ್ಳಿಗಳಿಗೆ ಏನಾಯಿತು?

ಹೊಲಕ್ಕೆ ಬೇಕಾದ ಕೈಗಳು ಕಡಿಮೆಯಾಗಿ, ಜನ ಹಳ್ಳಿ ಬಿಟ್ಟು ಪಟ್ಟಣ ಸೇರಿದರು. ಅಮೆರಿಕದಲ್ಲಿ 1900ರಲ್ಲಿ ದುಡಿಯುವವರ ಸುಮಾರು 40 ಶೇಕಡಾ ಮಂದಿ ಹೊಲದಲ್ಲಿದ್ದರು. ಈಗ ಅದು ಎರಡು ಶೇಕಡಾಕ್ಕಿಂತ ಕಡಿಮೆ. ಜಗತ್ತಿನ ಒಟ್ಟು ಜನರಲ್ಲಿ ನಗರವಾಸಿಗಳ ಪಾಲು 2007ರ ಸುಮಾರಿಗೆ ಅರ್ಧ ದಾಟಿತು.

ಹಳೆಯ ತಳಿಗಳನ್ನು ಕಾಪಿಡುವುದು ಕೇವಲ ಭಾವುಕತೆಯೇ?

ಲಂಪರ್ ಆಲೂಗಡ್ಡೆಯ ಕಥೆ ಓದಿದವರು ಹಾಗೆನ್ನುವುದಿಲ್ಲ. ಮನುಷ್ಯನಿಗೆ ಸಸ್ಯಗಳಿಂದ ಸಿಗುವ ಶಕ್ತಿಯಲ್ಲಿ ಅರ್ಧಕ್ಕೂ ಹೆಚ್ಚು ಇಂದು ಅಕ್ಕಿ, ಗೋಧಿ, ಮೆಕ್ಕೆಜೋಳ ಎಂಬ ಮೂರರಿಂದಲೇ ಬರುತ್ತದೆ. ಹೊಸ ರೋಗವೊಂದು ಬಂದಾಗ ಅದನ್ನು ತಾಳುವ ಗುಣವನ್ನು ಹುಡುಕಬೇಕಾದದ್ದು ಹಳೆಯ ತಳಿಗಳಲ್ಲಿ ಮತ್ತು ಅವುಗಳ ಕಾಡುಬಂಧುಗಳಲ್ಲಿ. ಸಿರಿಯಾದ ಅಲೆಪ್ಪೊ ಬಳಿ ಒಣಪ್ರದೇಶಗಳ ಬೇಸಾಯ ಕುರಿತ ಅಂತರರಾಷ್ಟ್ರೀಯ ಸಂಶೋಧನಾ ಕೇಂದ್ರವೊಂದಿತ್ತು. ಗೋಧಿ, ಬಾರ್ಲಿ, ಕಡಲೆಗಳು ಮೊದಲು ಪಳಗಿದ ಸೀಮೆಯ ಸಾವಿರಾರು ಬೀಜಗಳನ್ನು ಅದು ಕೂಡಿಟ್ಟಿತ್ತು, 2008ರಲ್ಲಿ ತೆರೆದ ನಾರ್ವೆಯ ಸ್ವಾಲ್ಬಾರ್ಡ್ ಬೀಜಭಂಡಾರಕ್ಕೆ ಅವುಗಳ ಪ್ರತಿಗಳನ್ನು ಕಳುಹಿಸಿತ್ತು. ಅಂತರ್ಯುದ್ಧದಲ್ಲಿ ಆ ಕೇಂದ್ರವನ್ನು ಬಿಟ್ಟು ಬರಬೇಕಾದಾಗ, 2015ರಲ್ಲಿ ಸಂಶೋಧಕರು ಸ್ವಾಲ್ಬಾರ್ಡಿನಿಂದ ಆ ಬೀಜಗಳನ್ನು ಹಿಂದಕ್ಕೆ ಪಡೆದರು. ಭಂಡಾರದಿಂದ ಬೀಜ ಹೊರಬಂದದ್ದು ಅದೇ ಮೊದಲು. ಅವುಗಳನ್ನು ಲೆಬನಾನ್ ಮತ್ತು ಮೊರಾಕ್ಕೊದಲ್ಲಿ ಬಿತ್ತಿ, ಬೆಳೆದು, 2017ರಲ್ಲಿ ಹೊಸ ಫಸಲಿನ ಬೀಜವನ್ನು ಮತ್ತೆ ಸ್ವಾಲ್ಬಾರ್ಡಿಗೆ ತಲುಪಿಸಿದರು. ಅದೇ ಸಿರಿಯಾದಲ್ಲಿ, ಕಲ್ಲಿನ ಮೇಲೆ ಧಾನ್ಯ ಅರೆದ ಹೆಂಗಸರ ಮೂಳೆಗಳು ಸಿಕ್ಕ ಅಬು ಹುರೈರಾ 1970ರ ದಶಕದಿಂದ ಅಣೆಕಟ್ಟೊಂದರ ಹಿನ್ನೀರಿನಡಿ ಇದೆ.